ನೇಮಕಾತಿಯಲ್ಲಿ ಅನ್ಯಾಯ ಆಗಿದೆ ಅನ್ಸಿದ್ರೆ ಯಾವ ಬಾಗಿಲು ತಟ್ಬೇಕು: ಆಕ್ಷೇಪಣೆ, ಆರ್‌ಟಿಐ, ಕೆಎಸ್‌ಎಟಿ, ಸಿಎಟಿ, ಹೈಕೋರ್ಟ್

ಶಿವಮೊಗ್ಗದಲ್ಲಿ ಯಾವ ಲೈಬ್ರರಿಗೆ ಹೋದ್ರೂ ಬಾಗಿಲು ತೆಗೆಯೋ ಮುಂಚೆನೇ ಬ್ಯಾಗ್ ಇಟ್ಟು ಜಾಗ ಹಿಡಿದಿರೋ ಹುಡುಗ್ರು ಹುಡುಗೀರು ಸಿಗ್ತಾರೆ, ಸೊರಬ, ಹೊಸನಗರ, ತೀರ್ಥಹಳ್ಳಿ ಕಡೆಯಿಂದ ಬಂದು ರೂಮ್ ಮಾಡ್ಕೊಂಡು ಮೂರು ವರ್ಷ ನಾಲ್ಕು ವರ್ಷದಿಂದ ಓದ್ತಾ ಇರೋರು. ಕೀ ಆನ್ಸರ್ (ಸರಿ ಉತ್ತರಗಳ ಪಟ್ಟಿ) ಬಂದಾಗ ಒಂದು ಸಲ, ತಾತ್ಕಾಲಿಕ ಆಯ್ಕೆ ಪಟ್ಟಿ ಬಂದಾಗ ಇನ್ನೊಂದು ಸಲ ಇವ್ರಲ್ಲಿ ಯಾರಾದ್ರೂ ಫೋನ್ ಮಾಡೇ ಮಾಡ್ತಾರೆ, "ಅಣ್ಣ, ಇದಕ್ಕೆ ಸ್ಟೇ ತರಬಹುದಾ?" ಅಂತ. ನಾನು ವಕೀಲ ಅಲ್ಲ. ಆರು ವರ್ಷ ಪರೀಕ್ಷೆ ಬರೆದು, ಕೈಗೆ ಬಂದ ಹುದ್ದೆ ಒಂದನ್ನ ಕಳ್ಕೊಂಡು, ಆಮೇಲೆ ವಕೀಲರೊಬ್ರ ಆಫೀಸಲ್ಲಿ ಗುಮಾಸ್ತ ಆಗಿ ಸೇರ್ಕೊಂಡೋನು. ಕೇಸಿನ ಫೈಲ್ ಕಟ್ಟಿ ಕಟ್ಟಿ ಕಲಿತಿದ್ದನ್ನ ಇಲ್ಲಿ ಬರೀತಿದೀನಿ, ಯಾಕಂದ್ರೆ ನಮ್ಮ ಕಡೆಯ ಮಕ್ಕಳು ಕೇಸಲ್ಲಿ ದಮ್ಮಿಲ್ದೆ ಸೋತಿದ್ದಕ್ಕಿಂತ ತಪ್ಪು ಬಾಗಿಲು ತಟ್ಟಿ, ಇಲ್ಲಾ ತಡವಾಗಿ ತಟ್ಟಿ ಸೋತಿದ್ದೇ ಜಾಸ್ತಿ ನೋಡಿದೀನಿ.

ಹಂಗಾಗಿ ಫೋನ್ ಮಾಡಿದೋರಿಗೆ ನಾನು ವಾಪಸ್ ಕೇಳೋದು ಎರಡೇ. ಹುದ್ದೆ ಯಾರದ್ದು? ತಪ್ಪು ಆಗಿದ್ದು ಎಂತದ್ರಲ್ಲಿ? ಇವೆರಡಕ್ಕೆ ಉತ್ತರ ಸಿಕ್ಕಿದ್ರೆ ಅರ್ಧ ದಾರಿ ತಾನಾಗೇ ಗೊತ್ತಾಗತ್ತೆ.

ಮೊದ್ಲು ನನ್ನ ಕಥೆ ಹೇಳಿ ಮುಗಿಸ್ತೀನಿ, ಇದ್ರಲ್ಲಿ ಒಂದು ದೊಡ್ಡ ಪಾಠ ಇದೆ. ನಾನು ಒಂದರಿಂದ ಹತ್ತನೇ ಕ್ಲಾಸ್ ತನಕ ಓದಿದ್ದು ಹಳ್ಳಿ ಶಾಲೆಯಲ್ಲೇ, ಗ್ರಾಮೀಣ ಮೀಸಲಾತಿ ಕೇಳಿದ್ದೆ, ದಾಖಲೆ ಪರಿಶೀಲನೆ ದಿನ ಪ್ರಮಾಣಪತ್ರ ಸರಿಯಾದ ನಮೂನೆಯಲ್ಲಿಲ್ಲ ಅಂತ ಪಕ್ಕಕ್ಕಿಟ್ರು. ಮನವಿ ಕೊಟ್ಟೆ. ಎರಡು ತಿಂಗಳಿಗೆ "ಪರಿಗಣಿಸಲು ಅವಕಾಶವಿರುವುದಿಲ್ಲ" ಅಂತ ಹಿಂಬರಹ (ಲಿಖಿತ ಉತ್ತರ) ಬಂತು. ನಾನೇನು ಮಾಡ್ದೆ ಅಂದ್ರೆ ಇನ್ನೊಂದು ಮನವಿ ಕೊಟ್ಟೆ, ಆಮೇಲೆ ಮತ್ತೊಂದು, ಶಾಸಕರ ಪತ್ರ ಹಿಡ್ಕೊಂಡು ಹೋಗಿ ಮಗದೊಂದು, ಪ್ರತಿ ಮನವಿಗೂ ಟಪಾಲಲ್ಲಿ ಸೀಲ್ ಹಾಕಿಸ್ಕೊಂಡು ಜೋಪಾನ ಮಾಡಿಟ್ಟೆ, ಹಿಂಗೆ ಒಂದೂವರೆ ವರ್ಷ ಹೋಯ್ತು. ವಕೀಲರ ಮುಂದೆ ಆ ಕಟ್ಟು ಬಿಚ್ಚಿಟ್ಟಾಗ ಅವ್ರು ಮೊದಲ ಹಿಂಬರಹದ ತಾರೀಖು ನೋಡಿ ಸುಮ್ನಾದ್ರು. 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆ ಪ್ರಕಾರ ಅಂತಿಮ ಆದೇಶ ಬಂದ ಒಂದು ವರ್ಷದೊಳಗೆ ಅರ್ಜಿ ಹಾಕ್ಬೇಕು, ಮೇಲಿಂದ ಮೇಲೆ ಮನವಿ ಕೊಟ್ರೆ ಆ ಗಡುವು ಮುಂದಕ್ಕೆ ಹೋಗಲ್ಲ ಅಂತ ಸುಪ್ರೀಂ ಕೋರ್ಟ್ 1989ರಲ್ಲೇ ಎಸ್.ಎಸ್. ರಾಥೋರ್ ಕೇಸಲ್ಲಿ ಹೇಳ್ಬಿಟ್ಟಿದೆ. ತಡ ಮನ್ನಾ ಮಾಡಿ ಅಂತ ಕೇಳ್ಬಹುದಿತ್ತು, ಆದ್ರೆ ಅಷ್ಟೊತ್ತಿಗೆ ಆ ಹುದ್ದೆಗೆ ಬೇರೆಯವ್ರು ಸೇರಿ ಪ್ರೊಬೇಷನ್ ಅರ್ಧ ಮುಗಿಸಿದ್ರು. ನಾನು ಬಿಟ್ಟೆ. ಇವತ್ತಿಗೂ ಆ ಸೀಲ್ ಹಾಕಿದ ಪ್ರತಿಗಳು ಮನೇಲಿವೆ.

ಆದ್ರಿಂದ ಮನವಿ ಕೊಡಿ, ಒಂದೇ ಸಲ ಕೊಡಿ, ಬೇಗ ಕೊಡಿ. ಮನವಿಗೆ ಉತ್ತರನೇ ಬರ್ಲಿಲ್ಲ ಅಂದ್ರೆ ಕಾಯ್ದೆ ಹೇಳೋದು ಆರು ತಿಂಗಳು ಕಾದು, ಅಲ್ಲಿಂದ ಒಂದು ವರ್ಷದೊಳಗೆ ಬನ್ನಿ ಅಂತ. ಆದ್ರೆ ನೇಮಕಾತಿಯಲ್ಲಿ ಆರು ತಿಂಗಳು ಕಾದ್ರೆ ಆದೇಶ ಪ್ರತಿ ಹಂಚಿ ಮುಗಿದಿರತ್ತೆ ಮಾರಾಯ್ರೆ. "ಸಾಮಾನ್ಯವಾಗಿ" ಬೇರೆ ಪರಿಹಾರ ಮುಗಿಸ್ಕೊಂಡು ಬರ್ಬೇಕು ಅಂತಷ್ಟೇ ಕಾಯ್ದೇಲಿ ಇರೋದು, ತುರ್ತು ಇದ್ರೆ ಮುಂಚೆನೂ ಅರ್ಜಿ ತಗೊಳ್ತಾರೆ.

ಹುದ್ದೆ ಯಾರದ್ದು

ರಾಜ್ಯ ಸರ್ಕಾರದ ಹುದ್ದೆ ಅಂದ್ರೆ ಎಫ್‌ಡಿಎ, ಎಸ್‌ಡಿಎ, ಗ್ರಾಮ ಆಡಳಿತಾಧಿಕಾರಿ, ಪಿಎಸ್‌ಐ, ಕಾನ್‌ಸ್ಟೇಬಲ್, ಸರ್ಕಾರಿ ಶಾಲೆ ಮೇಷ್ಟ್ರು, ಕೆಎಎಸ್, ಇವೆಲ್ಲಕ್ಕೂ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಅಂದ್ರೆ ಎಲ್ರೂ ಹೇಳೋ ಕೆಎಸ್‌ಎಟಿ. ಪರೀಕ್ಷೆ ಕೆಪಿಎಸ್‌ಸಿ ಮಾಡ್ಲಿ, ಕೆಇಎ (ಪರೀಕ್ಷಾ ಪ್ರಾಧಿಕಾರ) ಮಾಡ್ಲಿ, ಇಲಾಖೆನೇ ಮಾಡ್ಲಿ, ನೋಡ್ಬೇಕಾಗಿದ್ದು ಹುದ್ದೆ ಯಾರದ್ದು ಅಂತ. ರೈಲ್ವೆ, ಅಂಚೆ, ಎಸ್‌ಎಸ್‌ಸಿಯಿಂದ ತುಂಬೋ ಕೇಂದ್ರ ಇಲಾಖೆ ಹುದ್ದೆ ಆದ್ರೆ ಕೇಂದ್ರದ ನ್ಯಾಯಮಂಡಳಿ, ಸಿಎಟಿ, ಬೆಂಗಳೂರಲ್ಲೇ ಅದರ ಪೀಠ ಇದೆ, ಅರ್ಜಿ ಶುಲ್ಕ ಬರೀ 50 ರೂಪಾಯಿ.

ಇವೆರಡೂ ಅಲ್ದೆ ಇರೋದು ಒಂದಿಷ್ಟಿದೆ, ಜನ ಎಡವೋದು ಇಲ್ಲೇ. ಮೆಸ್ಕಾಂ, ಕೆಪಿಟಿಸಿಎಲ್ ಥರದ ಕಂಪನಿ, ಶಂಕರಘಟ್ಟದ ಕುವೆಂಪು ವಿಶ್ವವಿದ್ಯಾಲಯದಂಥ ಯೂನಿವರ್ಸಿಟಿ, ರಾಷ್ಟ್ರೀಕೃತ ಬ್ಯಾಂಕ್, ಇವುಕ್ಕೆ ನೇರ ಹೈಕೋರ್ಟಲ್ಲಿ ರಿಟ್ ಅರ್ಜಿ. ಜಿಲ್ಲಾ ಕೋರ್ಟಿನ ಬೆರಳಚ್ಚುಗಾರ, ಜವಾನ ಹುದ್ದೆನೂ ಅಷ್ಟೇ, ಕೋರ್ಟ್ ಸಿಬ್ಬಂದಿನ ನ್ಯಾಯಮಂಡಳಿ ಕಾಯ್ದೆಯಿಂದಲೇ ಹೊರಗಿಟ್ಟಿದಾರೆ. ಶಿವಮೊಗ್ಗ ಜಿಲ್ಲೆಗೆ ಹೈಕೋರ್ಟ್ ಅಂದ್ರೆ ಬೆಂಗಳೂರಿನ ಪ್ರಧಾನ ಪೀಠ. ಜೋಗದ ಆ ಕಡೆ ಸಿದ್ದಾಪುರದೋರು ಧಾರವಾಡ ಪೀಠಕ್ಕೆ ಹೋಗ್ತಾರೆ, ಈ ಕಡೆ ಸಾಗರದೋರು ಬೆಂಗಳೂರಿಗೆ.

"ಹೈಕೋರ್ಟ್ ದೊಡ್ಡದು, ಅಲ್ಲೇ ಹಾಕೋಣ" ಅನ್ನೋ ಮಾತು ಪ್ರತಿ ವಾಟ್ಸಾಪ್ ಗ್ರೂಪಲ್ಲಿ ಬರತ್ತೆ. 1997ರ ಎಲ್. ಚಂದ್ರಕುಮಾರ್ ತೀರ್ಪಲ್ಲಿ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ ಸ್ಪಷ್ಟ ಹೇಳಿದೆ, ಮೊದ್ಲು ನ್ಯಾಯಮಂಡಳಿ, ಅಲ್ಲಿ ಸೋತ್ರೆ ಹೈಕೋರ್ಟಿನ ವಿಭಾಗೀಯ (ಇಬ್ರು ನ್ಯಾಯಮೂರ್ತಿಗಳ) ಪೀಠ. ಇದನ್ನ ಮರೆತ್ರೆ ಏನಾಗತ್ತೆ ಅನ್ನೋಕೆ 2022ರ 15 ಸಾವಿರ ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿಗಿಂತ ಬೇರೆ ಉದಾಹರಣೆ ಬೇಡ. ಮದುವೆಯಾದ ಹೆಣ್ಮಕ್ಕಳು ಅಪ್ಪನ ಜಾತಿ ಆದಾಯ ಪ್ರಮಾಣಪತ್ರ ಕೊಟ್ಟಿದ್ರು, ಗಂಡನದ್ದು ಬೇಕಿತ್ತು ಅಂತ ಹೇಳಿ ಅವ್ರನ್ನ ಮೀಸಲಾತಿಯಿಂದ ತೆಗೆದು ಸಾಮಾನ್ಯ ವರ್ಗಕ್ಕೆ ಹಾಕಿದ್ರು. ಅವ್ರು ನೇರ ಹೈಕೋರ್ಟಿಗೆ ಹೋದ್ರು, 2023ರ ಜನವರಿಯಲ್ಲಿ ಏಕಸದಸ್ಯ ಪೀಠದಲ್ಲಿ ಗೆದ್ರು, ತಾತ್ಕಾಲಿಕ ಪಟ್ಟಿನೇ ರದ್ದಾಯ್ತು. ಅದೇ ವರ್ಷ ಅಕ್ಟೋಬರಲ್ಲಿ ವಿಭಾಗೀಯ ಪೀಠ ಆ ಆದೇಶ ಪಕ್ಕಕ್ಕಿಟ್ಟು ನೀವು ಹೋಗ್ಬೇಕಾಗಿದ್ದು ಕೆಎಸ್‌ಎಟಿಗೆ ಅಂತು, ಅಷ್ಟರೊಳಗೆ ಕೇಸ್ ಮುಗಿಯೋ ತನಕ ಶಾಲೆಗಳು ಕಾಯಬಾರ್ದು ಅಂತ 13,352 ಜನಕ್ಕೆ ನೇಮಕಾತಿ ಆದೇಶ ಕೊಡೋಕೂ ದಾರಿ ಆಯ್ತು. ಆ ಹೆಣ್ಮಕ್ಕಳ ವಾದದಲ್ಲಿ ಹುರುಳಿತ್ತು ಅಂತ ನಾನು ಈಗ್ಲೂ ನಂಬ್ತೀನಿ, ಮೀಸಲಾತಿ ಹುಟ್ಟಿನಿಂದ ಬರೋದು ತಾನೆ, ತಾಳಿ ಕಟ್ಟಿದ ಕೂಡ್ಲೇ ಅಪ್ಪನ ಮನೆ ಹಿಂದುಳಿದಿರೋದು ಅಳಿಸಿಹೋಗತ್ತಾ? ಆದ್ರೂ ಒಂಬತ್ತು ತಿಂಗಳು ಕೈತಪ್ಪಿ ಹೋಯ್ತು.

ತಪ್ಪು ಎಂತದ್ರಲ್ಲಿ

ಬಹಳ ಜನ ಬರೋದು ಕೀ ಆನ್ಸರ್ ವಿಷ್ಯಕ್ಕೆ. ಇದ್ರಲ್ಲಿ ಕೋರ್ಟಿಗಿಂತ ಆಕ್ಷೇಪಣೆನೇ, ಅಂದ್ರೆ ಈ ಉತ್ತರ ತಪ್ಪು ಅಂತ ಪರೀಕ್ಷೆ ನಡೆಸಿದೋರಿಗೇ ಬರೆದು ಕೊಡೋದೇ, ನೂರು ಪಾಲು ವಾಸಿ. 1983ರ ಕಾನ್ಪುರ ಯೂನಿವರ್ಸಿಟಿ ಕೇಸಿಂದ ಇವತ್ತಿನ ತನಕ ಕೋರ್ಟ್ ಹೇಳ್ತಾ ಬಂದಿರೋದು ಒಂದೇ, ಕೀ ಸರಿ ಇದೆ ಅಂತಲೇ ಮೊದ್ಲು ನಂಬ್ತೀವಿ, ತಪ್ಪು ಅಂದ್ರೆ ನೋಡಿದ ಕೂಡ್ಲೇ ತಪ್ಪು ಅನ್ನೋ ಹಂಗೆ ತೋರಿಸ್ಬೇಕು, ಉದ್ದ ವಾದ ಮಾಡಿ ಸಾಬೀತು ಮಾಡ್ಬೇಕಾದ ತಪ್ಪು ನಮಗೆ ಬೇಡ ಅಂತ. 2017ರ ರಣವಿಜಯ್ ಸಿಂಗ್ ತೀರ್ಪು ಇನ್ನೂ ಬಿಗಿ ಮಾಡ್ತು, ಅನುಮಾನ ಇದ್ರೆ ಅದರ ಲಾಭ ಪರೀಕ್ಷೆ ನಡೆಸಿದೋರಿಗೆ, ಅಭ್ಯರ್ಥಿಗಲ್ಲ ಅಂತ. ನ್ಯಾಯಾಧೀಶರು ಕೂತು ಭೂಗೋಳದ ಉತ್ತರ ತಿದ್ದಲ್ಲ. ಆಕ್ಷೇಪಣೆ ಹಂತದಲ್ಲಾದ್ರೆ ವಿಷಯ ತಜ್ಞರೇ ನೋಡ್ತಾರೆ, ಎನ್‌ಸಿಇಆರ್‌ಟಿ ಪುಸ್ತಕದ್ದೋ ಸರ್ಕಾರಿ ಗೆಜೆಟಿಂದೋ ಪುಟ ಲಗತ್ತಿಸಿದ್ರೆ ಗ್ರೇಸ್ ಅಂಕ ಬಂದಿರೋದು ಎಷ್ಟೋ ಸಲ ಇದೆ.

ಆದ್ರೆ ಆ ಕಿಟಕಿ ತೆರೆದಿರೋದು ಕೆಲವೇ ದಿನ. ಜುಲೈನಲ್ಲಿ ಕೀ ಬಿಟ್ರೆ ಹೊಸನಗರ, ಆಗುಂಬೆ ಕಡೆ ಮರ ಬಿದ್ದು ಕರೆಂಟಿಲ್ಲ, ಟವರ್ ಇಲ್ಲ, ಊರಿಗೆ ಗದ್ದೆ ಕೆಲ್ಸಕ್ಕೆ ಹೋದೋರಿಗೆ ಕೀ ಬಂದಿದ್ದೇ ಗೊತ್ತಾಗಲ್ಲ. ಪರೀಕ್ಷೆ ಬರೆದ ಮೇಲೆ ಪೇಟೇಲಿರೋ ಸ್ನೇಹಿತರೊಬ್ರಿಗೆ ಲಾಗಿನ್ ವಿವರ, ಆಧಾರ ಪುಸ್ತಕದ ಫೋಟೋ ಕೊಟ್ಟಿಡಿ, ಇದು ಸಣ್ಣ ವಿಷ್ಯ ಅನ್ಸತ್ತೆ, ಆದ್ರೆ ಆಮೇಲೆ ಕೆಎಸ್‌ಎಟಿಗೆ ಹೋದ್ರೂ ಅವ್ರು ಮೊದ್ಲು ಕೇಳೋದು "ಸಮಯಕ್ಕೆ ಆಕ್ಷೇಪಣೆ ಹಾಕಿದ್ರಾ" ಅಂತಲೇ.

ಪ್ರಶ್ನೆಪತ್ರಿಕೆಯ ಕನ್ನಡ ಅನುವಾದವೇ ಕೆಟ್ಟಿದ್ರೆ ಅದು ಒಬ್ರ ಅಂಕದ ಮಾತಲ್ಲ. 384 ಗೆಜೆಟೆಡ್ ಪ್ರೊಬೇಷನರ್ (ಕೆಎಎಸ್) ಹುದ್ದೆಗೆ 2024ರ ಆಗಸ್ಟ್ 27ಕ್ಕೆ ನಡೆದ ಪೂರ್ವಭಾವಿ ಪರೀಕ್ಷೆಯಲ್ಲಿ ಅನುವಾದ ಎಷ್ಟು ಹಾಳಾಗಿತ್ತು ಅಂದ್ರೆ ಮುಖ್ಯಮಂತ್ರಿಗಳೇ ಮರುಪರೀಕ್ಷೆ ಮಾಡಿ ಅಂದ್ರು, ಡಿಸೆಂಬರ್ 29ಕ್ಕೆ ಮತ್ತೆ ಪರೀಕ್ಷೆ ಆಯ್ತು, ಅದ್ರಲ್ಲೂ ಅದೇ ಗೋಳು. ಕನ್ನಡ ಶಾಲೇಲಿ ಓದಿದ ಮಗು ತನ್ನ ರಾಜ್ಯದ ಪರೀಕ್ಷೆಯಲ್ಲಿ ಇಂಗ್ಲಿಷ್ ಪ್ರಶ್ನೆ ನೋಡಿ ಕನ್ನಡ ಪ್ರಶ್ನೆ ಅರ್ಥ ಮಾಡ್ಕೋಬೇಕು ಅಂದ್ರೆ ನಂಗೆ ಹೊಟ್ಟೆ ಉರಿಯತ್ತೆ. ಇಲ್ಲಿ ಮೊದ್ಲು ಕೆಲ್ಸ ಮಾಡಿದ್ದು ಕೋರ್ಟಲ್ಲ, ಒಟ್ಟಾಗಿ ಬೀದಿಗೆ ಬಂದಿದ್ದು. ಅಂಥ ಸಾಮೂಹಿಕ ತಪ್ಪಿಗೆ ಪ್ರತಿಭಟನೆ, ಶಾಸಕರಿಗೆ ಪತ್ರ, ಸದನದಲ್ಲಿ ಪ್ರಶ್ನೆ, ಇವೂ ಆಯ್ಕೆಗಳೇ, ಇವನ್ನ ಕೀಳು ಮಾಡ್ಬೇಡಿ. ಆದ್ರೆ ಪ್ರತಿಭಟನೆ ನಡೀತಿದೆ ಅಂತ ನಿಮ್ಮ ಅರ್ಜಿಯ ಗಡುವು ನಿಲ್ಲಲ್ಲ.

ಕೋರ್ಟಲ್ಲಿ ನಿಜವಾಗ್ಲೂ ಗಟ್ಟಿ ನಿಲ್ಲೋ ಕೇಸ್ ಅಂದ್ರೆ ನಿಯಮ ಮಧ್ಯದಲ್ಲಿ ಬದ್ಲಾಯಿಸಿರೋದು. ಅಧಿಸೂಚನೆಯಲ್ಲಿ ಇಲ್ದೆ ಇರೋ ಕನಿಷ್ಠ ಅಂಕ ಆಮೇಲೆ ತಂದು ಕೂರಿಸೋದು, ಸಂದರ್ಶನಕ್ಕೆ ಇದ್ದಕ್ಕಿದ್ದ ಹಾಗೆ ಕಟಾಫ್ ಹಾಕೋದು, ಅರ್ಹತೆ ತಿದ್ದೋದು. 2024ರ ನವೆಂಬರ್ 7ಕ್ಕೆ ತೇಜ್ ಪ್ರಕಾಶ್ ಪಾಠಕ್ ಕೇಸಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಹೇಳಿದೆ, ಅರ್ಜಿ ಕರೆದ ಜಾಹೀರಾತಿಂದ ಹುದ್ದೆ ತುಂಬೋ ತನಕ ಅದು ಒಂದೇ ಪ್ರಕ್ರಿಯೆ, ನಿಯಮದಲ್ಲೋ ಜಾಹೀರಾತಲ್ಲೋ ಅವಕಾಶ ಇಟ್ಕೊಂಡಿಲ್ದೆ ಇದ್ರೆ ಅರ್ಹತೆಯ ಮಾನದಂಡ ನಡುವೆ ಬದ್ಲಾಯಿಸೋ ಹಾಗಿಲ್ಲ ಅಂತ. ಮೀಸಲಾತಿ ರೋಸ್ಟರ್ (ಯಾವ ಹುದ್ದೆ ಯಾವ ವರ್ಗಕ್ಕೆ ಅನ್ನೋ ಪಟ್ಟಿ) ತಪ್ಪು, ಗ್ರಾಮೀಣ ಮತ್ತೆ ಕನ್ನಡ ಮಾಧ್ಯಮದ ಸೀಟು ಲೆಕ್ಕ ತಪ್ಪು, ಇವೂ ಗಟ್ಟಿ ಕೇಸೇ, ಯಾಕಂದ್ರೆ ಕಾಗದದ ಮೇಲೆ ತೋರಿಸ್ಬಹುದು.

ಪ್ರಮಾಣಪತ್ರದ ಜಗಳ ಮಾತ್ರ ಎರಡು ಕಡೆಗೂ ವಾಲತ್ತೆ. 2016ರಲ್ಲಿ ರಾಮ್ ಕುಮಾರ್ ಗಿಜ್ರೋಯಾ ಕೇಸಲ್ಲಿ ಒಬಿಸಿ ಪ್ರಮಾಣಪತ್ರ ತಡವಾಗಿ ಕೊಟ್ರೂ ಒಪ್ಕೊಂಡ್ರು, 2023ರಲ್ಲಿ ಯುಪಿಎಸ್‌ಸಿಯ ಇಡಬ್ಲ್ಯುಎಸ್ (ಆರ್ಥಿಕವಾಗಿ ಹಿಂದುಳಿದ) ಅಭ್ಯರ್ಥಿಗಳಿಗೆ ಕೊನೆ ದಿನ ಅಂದ್ರೆ ಕೊನೆ ದಿನ ಅಂತ ಬಾಗಿಲು ಹಾಕಿದ್ರು. ಹಂಗಾಗಿ ಅರ್ಜಿ ಹಾಕೋ ಮುಂಚೆನೇ ನಮೂನೆ, ತಾರೀಖು, ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಸಹಿ ಎಲ್ಲಾ ಅಧಿಸೂಚನೆ ಪಕ್ಕ ಇಟ್ಕೊಂಡು ನೋಡಿ.

ಇನ್ನೊಂದು ವಿಷ್ಯ ಕೇಳಿ. ಅಧಿಸೂಚನೆಯಲ್ಲೇ ತಪ್ಪಿದೆ ಅಂತ ಗೊತ್ತಿದ್ದೂ ಪರೀಕ್ಷೆ ಬರೆದು, ಫೇಲಾದ್ಮೇಲೆ ಅಧಿಸೂಚನೆನೇ ಸರಿ ಇಲ್ಲ ಅಂದ್ರೆ ಕೋರ್ಟ್ ಕೇಳಲ್ಲ, ಇದು 1995ರ ಮದನ್ ಲಾಲ್ ಕೇಸಿಂದ ನಿಂತಿರೋ ಮಾತು. 2019ರ ಮೀತಾ ಸಹಾಯ್ ತೀರ್ಪಲ್ಲಿ, ಪರೀಕ್ಷೆ ಬರೆದ ಮಾತ್ರಕ್ಕೆ ಕಾನೂನುಬಾಹಿರ ನಡೆಯನ್ನ ಒಪ್ಕೊಂಡ ಹಾಗಲ್ಲ ಅಂತ ಸ್ವಲ್ಪ ಸಡಿಲ ಮಾಡಿದಾರೆ, ಅದನ್ನೇ ನೆಚ್ಕೊಂಡು ಕೂರ್ಬೇಡಿ. ತಪ್ಪು ಅಧಿಸೂಚನೆಯಲ್ಲಿದ್ರೆ ಪರೀಕ್ಷೆಗೆ ಮುಂಚೆನೇ ಕೇಳಿ.

ಆರ್‌ಟಿಐ ಯಾವಾಗ

ಅನುಮಾನ ಇದೆ, ಕಾಗದ ಇಲ್ಲ ಅನ್ನೋರಿಗೆ ಮಾಹಿತಿ ಹಕ್ಕು ಅರ್ಜಿ, ಅಂದ್ರೆ ಆರ್‌ಟಿಐ. ನಿಮ್ಮದೇ ಉತ್ತರ ಪತ್ರಿಕೆ ನೋಡೋ ಹಕ್ಕು ನಿಮಗಿದೆ ಅಂತ 2011ರಲ್ಲಿ ಆದಿತ್ಯ ಬಂದೋಪಾಧ್ಯಾಯ ಕೇಸಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ, ಮೌಲ್ಯಮಾಪಕರ ಹೆಸರು ಮಾತ್ರ ಕೊಡಲ್ಲ. ಯುಪಿಎಸ್‌ಸಿ ಸಿವಿಲ್ ಸರ್ವಿಸ್ ಅಂಕ ಕೇಳಿದೋರಿಗೆ 2018ರಲ್ಲಿ, ಯಾಂತ್ರಿಕವಾಗಿ ಎಲ್ಲಾ ಕೊಡಕ್ಕಾಗಲ್ಲ ಅಂದಿದೆ, ಅದೂ ನೆನಪಿರ್ಲಿ. ಕರ್ನಾಟಕದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ, ಶುಲ್ಕ 10 ರೂಪಾಯಿ, ಆನ್‌ಲೈನಲ್ಲೂ ಹಾಕ್ಬಹುದು. ಉತ್ತರಕ್ಕೆ 30 ದಿನ, ಬರ್ದೆ ಇದ್ರೆ ಮೇಲ್ಮನವಿಗೆ 30 ದಿನ, ಆಮೇಲೆ ಮಾಹಿತಿ ಆಯೋಗಕ್ಕೆ 90 ದಿನದೊಳಗೆ. ಆಯೋಗದ ತನಕ ಹೋದ್ರೆ ನಿಮ್ಮ ಕೆಎಸ್‌ಎಟಿ ಗಡುವು ಮುಗಿದಿರತ್ತೆ, ಹಂಗಾಗಿ ಆರ್‌ಟಿಐ ಉತ್ತರಕ್ಕೆ ಕಾಯ್ತಾ ಕೇಸ್ ತಡ ಮಾಡ್ಬೇಡಿ, ಎರಡೂ ಒಟ್ಟೊಟ್ಟಿಗೆ ನಡೀಲಿ, ದಾಖಲೆ ತರಿಸಿ ಅಂತ ನ್ಯಾಯಮಂಡಳಿಯನ್ನೇ ಕೇಳ್ಬಹುದು.

ನನ್ನ ಸೀಟು ಬೇಕಾ, ಇಡೀ ಪರೀಕ್ಷೆ ರದ್ದಾಗ್ಬೇಕಾ

ಈ ಪ್ರಶ್ನೆ ಮನೇಲಿ ಕೂತು ನಿಧಾನಕ್ಕೆ ಯೋಚ್ನೆ ಮಾಡಿ. ರದ್ದು ಮಾಡಿ ಅಂತ ಕೂಗೋದು ಸುಲಭ, ಆದ್ರೆ ನಿಯತ್ತಾಗಿ ಓದಿ ಆಯ್ಕೆ ಆದೋರೂ ಅದ್ರಲ್ಲಿರ್ತಾರೆ. 545 ಪಿಎಸ್‌ಐ ಹುದ್ದೆಗೆ 2021ರ ಅಕ್ಟೋಬರ್ 3ಕ್ಕೆ ಪರೀಕ್ಷೆ ಆಯ್ತು, 54 ಸಾವಿರದಷ್ಟು ಜನ ಬರೆದಿದ್ರು. ಒಎಂಆರ್ ಶೀಟ್ (ಉತ್ತರ ಗುರುತು ಹಾಕೋ ಹಾಳೆ) ಆಮೇಲೆ ತಿದ್ದಿದಾರೆ, ಬ್ಲೂಟೂತಲ್ಲಿ ಉತ್ತರ ಹೇಳಿದಾರೆ ಅಂತ ಸಿಐಡಿ ತನಿಖೆ ಶುರುವಾಗಿ, 2022ರ ಏಪ್ರಿಲ್ 29ಕ್ಕೆ ಸರ್ಕಾರ ಪರೀಕ್ಷೆನೇ ರದ್ದು ಮಾಡ್ತು. ತಪ್ಪು ಮಾಡಿದೋರನ್ನ ಮಾತ್ರ ತೆಗೀರಿ, ನಮ್ಮನ್ನ ಉಳಿಸಿ ಅಂತ ಆಯ್ಕೆ ಆಗಿದ್ದೋರು ಕೆಎಸ್‌ಎಟಿಗೆ ಹೋಗಿ ಸೋತ್ರು, ಹೈಕೋರ್ಟೂ 2023ರ ನವೆಂಬರ್ 10ಕ್ಕೆ ಮರುಪರೀಕ್ಷೆನೇ ಸರಿ ಅಂತು, 2024ರ ಜನವರಿ 23ಕ್ಕೆ ಕೆಇಎ ಮತ್ತೆ ಪರೀಕ್ಷೆ ಮಾಡ್ತು. ಮೊದಲ ಪರೀಕ್ಷೆಯಿಂದ ಎರಡು ವರ್ಷದ ಮೇಲೆ. ಇದಕ್ಕಿಂತ ಉದ್ದದ್ದು ಕೆಪಿಎಸ್‌ಸಿಯ 2011ರ ಬ್ಯಾಚು: 362 ಹುದ್ದೆ, 2014ರಲ್ಲಿ ಸರ್ಕಾರ ಪಟ್ಟಿ ಕೈಬಿಡ್ತು, 2016ರಲ್ಲಿ ಕೆಎಸ್‌ಎಟಿ ಅಭ್ಯರ್ಥಿಗಳ ಪರ, 2018ರಲ್ಲಿ ಹೈಕೋರ್ಟ್ ಅವ್ರ ವಿರುದ್ಧ, ಸುಪ್ರೀಂ ಕೋರ್ಟಲ್ಲೂ ಅದೇ ನಿಂತ್ತು, ಕೊನೆಗೆ 2022ರಲ್ಲಿ ವಿಧಾನಮಂಡಲ ಕಾನೂನು ಮಾಡಿ ನೇಮಕಾತಿ ಊರ್ಜಿತ ಮಾಡ್ತು. ಅಷ್ಟೊತ್ತಿಗೆ ಹನ್ನೊಂದು ವರ್ಷ.

ಕೋರ್ಟ್ ನೋಡೋದು ಕಳಂಕಿತರನ್ನ ಬೇರೆ ಮಾಡೋಕಾಗತ್ತಾ ಅಂತ. ಒಂದು ಕೇಂದ್ರದಲ್ಲಿ ಮಾತ್ರ ನಕಲಾಗಿದ್ರೆ ಆ ಕೇಂದ್ರಕ್ಕೆ ಮಾತ್ರ ಕ್ರಮ, ಇಡೀ ವ್ಯವಸ್ಥೆನೇ ಕೊಳೆತಿದ್ರೆ ಪೂರ್ತಿ ರದ್ದು. 2024ರ ನೀಟ್ ಕೇಸಲ್ಲಿ ಇದೇ ಅಳತೆಗೋಲು ಇಟ್ಟು ಮರುಪರೀಕ್ಷೆ ಬೇಡ ಅಂದ್ರು, 2025ರ ಏಪ್ರಿಲ್ 3ಕ್ಕೆ ಪಶ್ಚಿಮ ಬಂಗಾಳದ ಶಾಲಾ ನೇಮಕಾತಿಯಲ್ಲಿ 25 ಸಾವಿರಕ್ಕೂ ಹೆಚ್ಚು ಹುದ್ದೆ ರದ್ದು ಮಾಡಿದ್ದನ್ನ ಎತ್ತಿ ಹಿಡಿದ್ರು. ನೀವು ಒಂದೆರಡು ಅಂಕದಲ್ಲಿ ಹೊರಗಿರೋರಾದ್ರೆ ನನ್ನ ಅಭಿಪ್ರಾಯ, ನಿಮ್ಮ ಒಂದು ಸೀಟಿನ ಮಟ್ಟಿಗೆ ಕೇಳಿ, ಒಂದು ಹುದ್ದೆ ಖಾಲಿ ಇಡಿ ಅಂತ ಮಧ್ಯಂತರ ಆದೇಶ ಕೇಳಿ. ಇಡೀ ಪಟ್ಟಿಗೆ ಸ್ಟೇ ಕೇಳೋದಕ್ಕಿಂತ ಇದು ಸಿಗೋ ಸಾಧ್ಯತೆ ಜಾಸ್ತಿ, ಬೇರೆಯವ್ರ ಅನ್ನಕ್ಕೂ ಕಲ್ಲು ಬೀಳಲ್ಲ.

ನಿಮ್ಮಿಂದ ಯಾರ ಕೆಲ್ಸಕ್ಕೆ ಕುತ್ತು ಬರತ್ತೋ ಅವ್ರನ್ನ, ಕೊನೆಗೆ ಕೆಲವ್ರನ್ನಾದ್ರೂ, ಪ್ರತಿವಾದಿ ಮಾಡ್ಲೇಬೇಕು, 1984ರ ಪ್ರಬೋಧ್ ವರ್ಮ ಕೇಸಿನ ನಿಯಮ. ಇದನ್ನ ಬಿಟ್ಟು ಬಿದ್ದ ಅರ್ಜಿ ಎಷ್ಟೋ. ಅದೇ ಥರ ನೀವು ಆಯ್ಕೆ ಆಗಿದೀರಿ, ಬೇರೆ ಯಾರೋ ಕೇಸ್ ಹಾಕಿದಾರೆ ಅಂತ ಗೊತ್ತಾದ್ರೆ ಸರ್ಕಾರ ನೋಡ್ಕೊಳ್ಳತ್ತೆ ಅಂತ ಮಲಗ್ಬೇಡಿ, ನಮ್ಮನ್ನೂ ಸೇರಿಸ್ಕೊಳ್ಳಿ ಅಂತ ಅರ್ಜಿ ಹಾಕಿ. ಪಟ್ಟಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಹುದ್ದೆ ಮೇಲೆ ಹಕ್ಕು ಹುಟ್ಟಲ್ಲ ಅಂತ 1991ರಲ್ಲೇ ಶಂಕರ್‌ಸನ್ ದಾಶ್ ಕೇಸಲ್ಲಿ ತೀರ್ಮಾನ ಆಗಿದೆ.

ಪೇಪರ್ ಲೀಕು, ದುಡ್ಡು ಕೇಳಿದ್ದು, ಇವು ಪೊಲೀಸ್ ಠಾಣೆ ವಿಷಯ, 2023ರಲ್ಲಿ ರಾಜ್ಯದಲ್ಲೂ 2024ರಲ್ಲಿ ಕೇಂದ್ರದಲ್ಲೂ ಇದಕ್ಕೇ ಕಾಯ್ದೆ ಬಂದಿವೆ. ಆದ್ರೆ ಎಫ್‌ಐಆರ್ ಆದ್ರೆ ಅವ್ರು ಜೈಲಿಗೆ ಹೋಗ್ಬಹುದು, ನಿಮಗೆ ಹುದ್ದೆ ಬರಲ್ಲ. ಪಿಐಎಲ್ (ಸಾರ್ವಜನಿಕ ಹಿತಾಸಕ್ತಿ ಅರ್ಜಿ) ಅಂತೂ ಮರೆತುಬಿಡಿ, ನೌಕರಿ ವಿಷಯದಲ್ಲಿ ನ್ಯಾಯಮಂಡಳಿ ಪಿಐಎಲ್ ತಗೊಳ್ಳೋ ಹಾಗಿಲ್ಲ ಅಂತ 1998ರಲ್ಲೇ ತೀರ್ಮಾನ ಆಗಿದೆ.

ಖರ್ಚು, ಓಡಾಟ

ಕೋರ್ಟ್ ಶುಲ್ಕ ದೊಡ್ಡದಲ್ಲ, ವಕೀಲರ ಫೀಸು ಮತ್ತೆ ಮುನ್ನೂರು ಕಿಲೋಮೀಟರ್ ಓಡಾಟ ದೊಡ್ಡದು. ತಾಳಗುಪ್ಪದಿಂದ ಬರೋ ರಾತ್ರಿ ರೈಲಿಗೆ ಹತ್ತಿ ಬೆಳಿಗ್ಗೆ ಮೆಜೆಸ್ಟಿಕಲ್ಲಿ ಮುಖ ತೊಳ್ಕೊಂಡು ಹೋಗೋರೇ ನಮ್ಮೋರು. ಪ್ರತಿ ತಾರೀಖಿಗೂ ನೀವೇ ಹೋಗ್ಬೇಕು ಅಂತಿಲ್ಲ, ವಕೀಲರಿದ್ರೆ ಸಾಕು. ವಕೀಲರನ್ನ ಆರಿಸೋವಾಗ ಊರಿನವ್ರು ಅನ್ನೋದಕ್ಕಿಂತ ಕೆಎಸ್‌ಎಟಿಯಲ್ಲಿ ದಿನಾ ನಿಲ್ಲೋರಾ ಅಂತ ನೋಡಿ. ವಕೀಲರಿಲ್ದೆ ನೀವೇ ವಾದ ಮಾಡೋಕೂ ಕಾಯ್ದೆಯಲ್ಲಿ ಅವಕಾಶ ಇದೆ, ಆದ್ರೂ ನಾನು ಬೇಡ ಅಂತೀನಿ. ಒಂದೇ ಕಾರಣಕ್ಕೆ ಹತ್ತು ಜನ ಸೇರಿದ್ರೆ ಒಟ್ಟಿಗೆ ಅರ್ಜಿ ಹಾಕೋಕೆ ಅನುಮತಿ ಕೇಳ್ಬಹುದು, ಖರ್ಚು ಹಂಚ್ಕೊಳ್ಬಹುದು, ಆದ್ರೆ ನಿಮ್ಮ ನಿಮ್ಮ ಅಂಕ, ಪ್ರವರ್ಗ ಬೇರೆ ಬೇರೆ ಇದ್ರೆ ಒಬ್ರ ವಾದ ಇನ್ನೊಬ್ರಿಗೆ ಮುಳುವಾಗತ್ತೆ. ಗ್ರೂಪಲ್ಲಿ ಯಾರೋ ಐನೂರು ಸಾವಿರ ಅಂತ ಫೋನ್‌ಪೇಗೆ ಹಾಕಿಸ್ಕೊಳ್ತಿದ್ರೆ ವಕಾಲತ್ತಿಗೆ (ವಕೀಲರಿಗೆ ಅಧಿಕಾರ ಕೊಡೋ ಪತ್ರಕ್ಕೆ) ನಿಮ್ಮ ಸಹಿ ಹಾಕ್ಸಿದ್ರಾ, ಅರ್ಜಿ ನಂಬರ್ ಏನು ಅಂತ ಕೇಳಿ, ಸಹಿನೇ ಹಾಕಿಲ್ಲ ಅಂದ್ರೆ ಆ ಕೇಸಲ್ಲಿ ನೀವು ಇಲ್ಲವೇ ಇಲ್ಲ.

ಹೆಣ್ಮಕ್ಕಳಿಗೆ, ಪರಿಶಿಷ್ಟ ಜಾತಿ ಪಂಗಡದೋರಿಗೆ, ಅಂಗವಿಕಲರಿಗೆ ಆದಾಯ ಎಷ್ಟೇ ಇರ್ಲಿ ಉಚಿತ ವಕೀಲರನ್ನ ಕೇಳೋ ಹಕ್ಕು 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಲ್ಲಿದೆ. ಶಿವಮೊಗ್ಗದಲ್ಲೂ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರ ಇದೆ, ಅಲ್ಲಿ ಅರ್ಜಿ ಕೊಟ್ಟು ವಿಚಾರಿಸಿ. ಹೋಗೋವಾಗ ಅಧಿಸೂಚನೆ, ಅರ್ಜಿಯ ಪ್ರತಿ, ಹಾಲ್ ಟಿಕೆಟ್, ಒಎಂಆರ್ ಕಾರ್ಬನ್ ಪ್ರತಿ, ತಾತ್ಕಾಲಿಕ, ಅಂತಿಮ ಎರಡೂ ಕೀ ಆನ್ಸರ್, ಆಕ್ಷೇಪಣೆ ಹಾಕಿದ ರಸೀದಿ, ಪಟ್ಟಿಯಲ್ಲಿ ನಿಮಗಿಂತ ಕಮ್ಮಿ ಅಂಕದೋರು ಇರೋ ಪುಟ, ಇಷ್ಟೂ ಪ್ರಿಂಟ್ ಮಾಡ್ಕೊಂಡು ಹೋಗಿ. ಪಿಡಿಎಫ್ ಬಂದ ದಿನಾನೇ ಇಳಿಸಿಟ್ಕೊಳ್ಳಿ, ಪಟ್ಟಿ ಪರಿಷ್ಕರಣೆ ಆದ್ಮೇಲೆ ಹಳೇದು ವೆಬ್‌ಸೈಟಲ್ಲಿ ಹುಡುಕಿದ್ರೆ ಸಿಗದೇ ಇರ್ಬಹುದು.